ಮೋಕ್ಷಿತಾಳ ಪಿಟೀಲು

ಶಿರ್ತಾಡಿಯ ಜತ್ತಪ್ಪ ಮೇಸ್ತ್ರಿಯ ಮಗಳು ಮೋಕ್ಷಿತಾ ಎಂಟು ವರ್ಷ ಪಿಟೀಲಿನ ಪೆಟ್ಟಿಗೆಯನ್ನು ಎದೆಗೊತ್ತಿಕೊಂಡು ಮೂಡುಬಿದಿರೆಯ ಬಸ್ಸು ಹತ್ತಿದವಳು. ವಾಗ್ದೇವಿ ಟೀಚರ ಸಂಗೀತ ಶಾಲೆಯಲ್ಲಿ ನಾವು ಒಟ್ಟಿಗೆ ಕಲಿತೆವು. ತಾಳ ಅವಳಿಗೆ ರಕ್ತದಲ್ಲೇ ಇತ್ತು. ಮೃದಂಗ ಬಾರಿಸುವ ಈ ಶಶಿಕಿರಣನಿಗೇ ಹೊಟ್ಟೆಕಿಚ್ಚಾಗುವಷ್ಟು. ನಾನು ಎಲ್ಲಾದರೂ ಜಾರಿದರೆ ಹುಬ್ಬು ಏರಿಸಿ ನೋಡುವಳು. ಆ ನೋಟ ನನಗೆ ಆಗುತ್ತಿರಲಿಲ್ಲ.

ಎರಡು ವರ್ಷದ ಹಿಂದೆ ಶಾಲೆಯ ಚಿಕ್ಕ ಮಕ್ಕಳಿಗೆ ಪಿಟೀಲು ಕಲಿಸಲು ಒಬ್ಬರು ಬೇಕಾದರು. ವಾರ್ಷಿಕೋತ್ಸವದ ಕಚೇರಿ ಕೇಳಿ, ಮೈಸೂರಿನಿಂದ ಬರುವ ವಿದ್ವಾಂಸರು ಒಪ್ಪಿದರೆ ಆ ಕೆಲಸ ಮೋಕ್ಷಿತಾಳಿಗೆ. ಬಸ್‌ಸ್ಟ್ಯಾಂಡಿನ ಬಟ್ಟೆ ಅಂಗಡಿಯ ಕೆಲಸದಲ್ಲಿ ಅವಳು ದಿನವಿಡೀ ನಿಲ್ಲುವುದು ತಪ್ಪುತ್ತಿತ್ತು.

"ಇದೊಂದು ಆದರೆ ಸಾಕು ಶಶಿಯಣ್ಣ, ಮತ್ತೆ ಪಿಟೀಲು ಬಿಟ್ಟು ಬೇರೇನೂ ಬೇಡ" ಎನ್ನುತ್ತಿದ್ದಳು.

ವಾರ್ಷಿಕೋತ್ಸವದಂದು ಹಾಡಿದವಳು ಟೀಚರ ಮಗಳು ಶುಭಶ್ರೀ. ಸ್ವರ ಹಾಡಿ ಪಲ್ಲವಿಗೆ ಮರಳುವಾಗ ಅವಳು ತಾಳದ ಅರ್ಧ ಏಟು ಮೊದಲೇ ಎತ್ತಿದಳು. ಮೋಕ್ಷಿತಾ ಸರಿಯಾದ ಜಾಗದಲ್ಲೇ ಎತ್ತಿದಳು. ಹಾಡುವವರು ಜಾರಿದರೆ ಪಕ್ಕವಾದ್ಯದವರು ಅವರ ಹಿಂದೆ ಹೋಗಿ ತಪ್ಪನ್ನು ಮುಚ್ಚಬೇಕು. ಟೀಚರ್ ನಮಗೆ ಕಲಿಸಿದ್ದೇ ಹಾಗೆ. ನಾನು ಮೃದಂಗವನ್ನು ಶುಭಶ್ರೀಯ ಕಡೆಗೆ ಎಳೆದೆ. ಕೇಳುವವರಿಗೆ ಪಿಟೀಲು ಒಂದೇ ತಪ್ಪಿದ ಹಾಗಾಯಿತು. ಮೋಕ್ಷಿತಾ ಗಾಬರಿಯಿಂದ ನನ್ನತ್ತ ನೋಡಿದಳು. ನಾನು ಅವಳ ಹಾಗೆಯೇ ಹುಬ್ಬು ಏರಿಸಿದೆ.

"ಪಿಟೀಲಿನ ಹುಡುಗಿಗೆ ತಾಳ ಗಟ್ಟಿಯಿಲ್ಲ" ಎಂದರು ವಿದ್ವಾಂಸರು. ಮುಂದಿನ ಸಾಲಿನಲ್ಲಿ ತಾಳ ಹಾಕುತ್ತಾ ಕೂತಿದ್ದ ಟೀಚರಿಗೆ ಎಲ್ಲ ಗೊತ್ತಿತ್ತು, ತುಟಿ ಬಿಚ್ಚಲಿಲ್ಲ. ಮರುತಿಂಗಳು ಮಂಗಳೂರಿನಲ್ಲಿ ಶುಭಶ್ರೀಯ ಕಚೇರಿಗೆ ನನ್ನದೇ ಮೃದಂಗ ಎಂದು ನಿಶ್ಚಯವಾಗಿತ್ತು. ನಾನೂ ತುಟಿ ಬಿಚ್ಚಲಿಲ್ಲ. ನಾಚಿಕೆಗೆಟ್ಟವ ನಾನು. ಕೆಲಸ ಕೈತಪ್ಪಿದ ಮೋಕ್ಷಿತಾ ಮರುವಾರದಿಂದ ಶಾಲೆಗೆ ಬರಲಿಲ್ಲ.

ಮೊನ್ನೆ ಕಚೇರಿಗೆ ಉಡಲು ಪಂಚೆ ಬೇಕೆಂದು ಅವಳಿರುವ ಅಂಗಡಿಗೇ ಹೋದೆ. ನಗುತ್ತಲೇ ನಾಲ್ಕೈದು ತೆಗೆದು ಹರವಿದಳು. ಆ ನಗು ನೋಡಿ ನನಗೆ ತಡೆಯಲಾಗಲಿಲ್ಲ.

"ಮೋಕ್ಷಿತಾ, ಅವತ್ತು ತಪ್ಪಿದ್ದು ನೀನಲ್ಲ, ಶುಭಶ್ರೀ."

ಪಂಚೆ ಮಡಚುತ್ತಿದ್ದ ಕೈ ನಿಂತಿತು.

"ನಿಮಗೆ ಗೊತ್ತಿತ್ತಾ?"

"ಗೊತ್ತಿತ್ತು."

ಅವಳು ಪಂಚೆಯನ್ನು ಬದಿಗಿಟ್ಟಳು.

"ಮೃದಂಗ ಅವಳೊಟ್ಟಿಗೆ ಹೋಯಿತಲ್ಲ, ಹಾಗಾದರೆ ತಪ್ಪು ನನ್ನದೇ ಅಂತ ಎಣಿಸಿದೆ ಶಶಿಯಣ್ಣ. ಈ ವಿದ್ಯೆ ನನಗೆ ಹೇಳಿಸಿದ್ದಲ್ಲ ಅಂತ ಪಿಟೀಲನ್ನೂ ಯಾರಿಗೋ ಕೊಟ್ಟುಬಿಟ್ಟೆ."