ನೆಲದ ಕೆಳಗಿನ ಗಿಡ

ಆ ಗಿಡವನ್ನು ಮೊದಲ ಸಲ ಬಿಡಿಸಿದಾಗ ನನಗೆ ಒಂಬತ್ತು ವರ್ಷ. ಕೌದಿಯ ನಡುವೆ ಹೊಲಿದಾಗ ಐವತ್ತೆರಡು.

ಆಗ ಬೀದರಿನ ಕಾನ್ವೆಂಟಿನಲ್ಲಿ ಓದುತ್ತಿದ್ದೆ. ಒಂದು ಭಾನುವಾರ ಅಪ್ಪ ನೌಬಾದಿಗೆ ಕರೆದುಕೊಂಡು ಹೋಗಿ ಸುರಂಗ ಬಾವಿಯ ಬಾಯಿ ತೋರಿಸಿದರು. ಹಿಂದಿನ ಕಾಲದವರು ಊರಿಗೆ ನೀರು ತರಲು ಕೆಂಪು ಕಲ್ಲಿನಲ್ಲಿ ಕೊರೆದ ಕಾಲುವೆ, ನೆಲದ ಕೆಳಗೇ ಹರಿಯುವಂಥದ್ದು. ಬಗ್ಗಿ ನೋಡಿದೆ. ಕತ್ತಲೆ, ತಣ್ಣನೆಯ ಗಾಳಿ, ಎಲ್ಲೋ ನೀರಿನ ಸಪ್ಪಳ. ಅಲ್ಲೊಂದು ದೇಶವಿದೆ ಎಂದು ಅಂದೇ ತೀರ್ಮಾನಿಸಿಬಿಟ್ಟೆ. ಅಲ್ಲಿ ಸೂರ್ಯನಿಲ್ಲ, ಹಾಗಾಗಿ ಗಿಡವೇ ಬೆಳಗಬೇಕು. ಅದರ ಕಾಯಿ ತೊಗರಿ ಕಾಯಿಯಂತೆ. ಸಿಪ್ಪೆಯೊಳಗಿನ ಒಂದೊಂದು ಕಾಳೂ ಹಳದಿಯಾಗಿ ಹೊಳೆಯುತ್ತದೆ. ಆ ದೇಶದ ಹೆಂಗಸರು ಅದರ ಬುಡದಲ್ಲಿ ಕುಳಿತು ಬೇಳೆ ಆರಿಸುತ್ತಾರೆ, ಮಕ್ಕಳ ತಲೆಯ ಹೇನು ನೋಡುತ್ತಾರೆ. ಕಾಯಿ ಕಿತ್ತರೆ ಬೆಳಕು ಆರಿಹೋಗುತ್ತದೆ, ಆದ್ದರಿಂದ ಯಾರೂ ಕೀಳುವುದಿಲ್ಲ.

ಡ್ರಾಯಿಂಗ್ ಕ್ಲಾಸಿನಲ್ಲಿ ಒಂದು ಗಿಡ ಬಿಡಿಸಿ ಎಂದಾಗ ಇದನ್ನೇ ಬಿಡಿಸಿದೆ. ಸಿಸ್ಟರ್ ಮೃದುವಾಗಿಯೇ ಹೇಳಿದರು: "ದೇವರು ಮಾಡದ ಗಿಡ ನಮಗೆ ಯಾಕೆ ಮಗಳೇ? ಅಳಿಸಿ, ಗುಲಾಬಿ ಬಿಡಿಸು." ಅಳಿಸಿದೆ. ರಬ್ಬರಿನಿಂದ ಉಜ್ಜಿ ಉಜ್ಜಿ ಹಾಳೆ ತೂತಾಯಿತು. ತೂತಿನ ಪಕ್ಕದಲ್ಲಿ ಗುಲಾಬಿ ಬಿಡಿಸಿ ಹತ್ತಕ್ಕೆ ಏಳು ಅಂಕ ಪಡೆದೆ. ಆ ಏಳರ ಬಗ್ಗೆ ನನಗೆ ಇವತ್ತಿಗೂ ನಾಚಿಕೆ.

ಮದುವೆಯಾಗಿ ಭಾಲ್ಕಿಗೆ ಬಂದೆ. ಮಗಳಿಗೆ ಉಣಿಸುವಾಗ ಆ ದೇಶದ ಕಥೆ ಹೇಳುತ್ತಿದ್ದೆ, ಬೇರೆ ಯಾರಿಗೂ ಹೇಳಲಿಲ್ಲ. ಅವಳನ್ನು ಔರಾದಕ್ಕೆ ಕೊಟ್ಟೆವು. ಚೊಚ್ಚಲ ಹೆರಿಗೆಗೆ ಮನೆಗೆ ಬಂದಳು, ಹೆಣ್ಣು ಕೂಸು. ತೊಟ್ಟಿಲಿಗೆ ಹಾಕುವ ದಿನಕ್ಕೆ ಹಳೆ ಸೀರೆಗಳಿಂದ ಹೊಲಿದ ತವರಿನ ಕೌದಿ ಬೇಕಲ್ಲ? "ಮಮ್ಮಿ, ಅದೇ ಗಿಡಾ ಹಾಕಿ ಹೊಲಿ" ಎಂದಳು.

ಕತ್ತಲೆಗೆ ಕಪ್ಪು ಬಟ್ಟೆ, ಕಾಳುಗಳಿಗೆ ನನ್ನ ತಾಯಿಯ ಹಳದಿ ರೇಷ್ಮೆ ಸೀರೆಯ ಸೆರಗು. ತೊಟ್ಟಿಲಿನ ಹಿಂದಿನ ದಿನ ಮಧ್ಯಾಹ್ನ ಹನ್ನೆರಡನೆಯ ಕಾಳು ಹೊಲಿಯುತ್ತಿದ್ದಾಗ ಅತ್ತೆ ಬಂದು ಪಕ್ಕದಲ್ಲಿ ಕುಳಿತರು. ನನಗೆ ಕೌದಿ ಹೊಲಿಯಲು ಕಲಿಸಿದವರೇ ಅವರು.

"ಏನಿದು? ಹುಳಾ ಹತ್ತಿದ ತೊಗರಿ ಏನು?"

"ಬೆಳಗೋ ಗಿಡರಿ ಅತ್ತಿ."

"ಗಿಡ ಬೆಳಗ್ತದ? ಎಲ್ಲಿ ನೋಡಿದಿ?"

"ಎಲ್ಲೂ ಇಲ್ರಿ. ನಾ ಮಾಡಿದ್ದು."

"ಇಲ್ಲದ ಗಿಡಾ ಕೂಸಿಗಿ ಹೊಚ್ಚತಿ? ಅದೂ ಕರಿ ಅರಿವಿ ಮ್ಯಾಲ! ನಾಳಿ ಬೀಗರು ಏನಂದಾರು?"

"ಕರಿ ಅರಿವಿ ನಿಮ್ಮದೇ ಚಂದ್ರಕಾಳಿ ಸೀರಿರಿ. ಸಂಕ್ರಾಂತಿಗಿ ಉಟ್ಟಾಗ ಯಾರೂ ಏನೂ ಅಂದಿಲ್ಲಲ್ರಿ."

ಬಾಣಂತಿ ಕೋಣೆಯಿಂದ ಮಗಳು ಕಿಸಕ್ಕನೆ ನಕ್ಕಳು. ಅತ್ತೆ ಕತ್ತರಿಯನ್ನು ನನ್ನ ತೊಡೆಯ ಮೇಲಿಟ್ಟರು. "ಬಾಯಿ ಬಾಳ ಆಗ್ಯಾದ ನಿಂದು. ಬಿಚ್ಚು. ಸುಮ್ನ ಒಂದು ಗಿಣಿ ಹಾಕು."

ಅಷ್ಟು ವರ್ಷಗಳಲ್ಲಿ ಅವರಿಗೆ ನಾನು ಇಲ್ಲ ಎಂದವಳಲ್ಲ. ಸಾರಿನ ಉಪ್ಪು, ಕಿಟಕಿಯ ಪರದೆಯ ಬಣ್ಣ, ಎಲ್ಲವೂ ಅವರು ಹೇಳಿದಂತೆ. ಕತ್ತರಿ ಎತ್ತಿಕೊಂಡೆ. ತುದಿ ಮೊದಲ ಕಾಳಿಗೆ ತಾಗಿತು. ಎಲ್ಲಿಂದಲೋ ರಬ್ಬರಿನ ವಾಸನೆ ಬಂದಂತಾಯಿತು.

ನಮ್ಮ ಮನೆಯಲ್ಲಿ ಒಂದು ರೂಢಿಯಿದೆ. ಕೌದಿ ಮುಗಿಯುವಾಗ ಕೊನೆಯ ಮೂಲೆಯೊಳಗೆ ರೊಟ್ಟಿಯ ಚೂರಿಟ್ಟು ಹೊಲಿದುಬಿಡುತ್ತೇವೆ. ಕೌದಿ ಹಸಿದಿದ್ದರೆ ಹೊದ್ದವರಿಗೆ ಬೆಚ್ಚಗಾಗುವುದಿಲ್ಲ. ತುತ್ತು ಇಟ್ಟ ಮೇಲೆ ಆ ಹೊಲಿಗೆ ಬಿಚ್ಚುವಂತಿಲ್ಲ. ಬಿಚ್ಚಿದರೆ ಕೂಸಿನ ಬಾಯಿಯ ತುತ್ತು ಕಸಿದಂತೆ.

ಎದ್ದು ಅಡುಗೆಮನೆಗೆ ಹೋದೆ. ಕಡಕ್ ರೊಟ್ಟಿಯ ಚೂರು ಮುರಿದು ತಂದು, ಗಿಡದ ಬೇರಿನ ಕೆಳಗೆ ತೂರಿಸಿ, ಅವಸರದಲ್ಲಿ ಬೆರಳಿಗೆ ಸೂಜಿ ಚುಚ್ಚಿಕೊಂಡು, ಸುತ್ತಲೂ ಹೊಲಿದೆ.

"ಏ, ಅಲ್ಲಿ ಯಾಕ ಇಟ್ಟಿ? ಮೂಲಿಗಿ ಇಡಬೇಕು!"

"ಇಟ್ಟಾಯ್ತ್ರಿ." ಕತ್ತರಿ ಕೊಡುವಾಗ ಹಿಡಿಯನ್ನು ಎದುರಿನವರ ಕಡೆ ಮಾಡಬೇಕೆಂದು ಕಾನ್ವೆಂಟಿನಲ್ಲಿ ಕಲಿಸಿದ್ದರು. ಹಾಗೆಯೇ ಚಾಚಿದೆ. "ಬೇಕಂದ್ರ ನೀವೇ ಬಿಚ್ಚ್ರಿ."

ಅವರು ತೆಗೆದುಕೊಳ್ಳಲಿಲ್ಲ.

ಮರುದಿನ ಔರಾದದ ಬೀಗತಿ ತೊಟ್ಟಿಲಿಗೆ ಬಗ್ಗಿ, ಬೇರಿನ ಉಬ್ಬನ್ನು ಉಗುರಿನಿಂದ ಕೆದಕಿದರು. "ಇಲ್ಲಿ ಏನೋ ಗಂಟಾಗ್ಯಾದ್ರಿ. ಜರಾ ಬಿಚ್ಚಿ ಸೀದಾ ಮಾಡ್ರಿ."

ಅತ್ತೆ ಬೀಗತಿಯ ಮಣಿಕಟ್ಟು ಹಿಡಿದರು. "ಅದಕ್ಕ ಕೈ ಹಚ್ಚಬ್ಯಾಡ್ರಿ. ತುತ್ತು ಇಟ್ಟೀವಿ."

ಅವರು ಕಾಪಾಡಿದ್ದು ತುತ್ತನ್ನು, ನನ್ನ ಗಿಡವನ್ನಲ್ಲ. ಇರಲಿ. ಗಿಡ ಉಳಿಯಿತು.

ಮೊಮ್ಮಗಳಿಗೆ ಈಗ ನಾಲ್ಕು ವರ್ಷ. ಭಾಲ್ಕಿಗೆ ಬಂದಾಗಲೆಲ್ಲ ಆ ಕೌದಿಯನ್ನು ನೆಲದ ಮೇಲೆ ಎಳೆದುಕೊಂಡೇ ತಿರುಗುತ್ತಾಳೆ. ಎರಡು ಕಾಳುಗಳ ರೇಷ್ಮೆ ಸವೆದಿದೆ.

"ಅಜ್ಜಿ, ಇದು ಖರೇನೆ ಬೆಳಗ್ತದೇನು?"

"ಎಲ್ಲಿ ಬೆಳಗ್ತದ? ನಿಮ್ಮಜ್ಜಿ ಸುಳ್ಳು ಹೇಳ್ತಾಳ" ಎಂದು ಮಂಚದ ಮೇಲಿಂದ ಅತ್ತೆ.

"ಬೆಳಗ್ತದ" ಎನ್ನುತ್ತೇನೆ ನಾನು. ಅತ್ತೆಗೆ ಈಗ ಕಿವಿ ಮಂದ; ಅವರಿಗೂ ಕೇಳುವಷ್ಟು ಜೋರಾಗಿ ಇನ್ನೊಮ್ಮೆ ಹೇಳುತ್ತೇನೆ.