ಮೈಕಿನಲ್ಲಿ ಕೂಗಿದ ಜ್ವರ

ರಾಮನಗರದ ನಡುಪೇಟೆಯ ಮೈದಾನವನ್ನು ಕೆಡವಿ, ಚಾವಣಿ ಇರುವ ದೊಡ್ಡ ಕ್ರೀಡಾಂಗಣ ಕಟ್ಟುತ್ತಾರಂತೆ. ಅದಕ್ಕೊಂದು ಸ್ಮರಣ ಸಂಚಿಕೆ ತರುತ್ತೇವೆ, ಮೈದಾನದ ಇತಿಹಾಸ ಬರೆದುಕೊಡಿ ಎಂದು ಇಬ್ಬರು ಬಂದು ಕೂತರು. ಯಾರು ಉದ್ಘಾಟಿಸಿದರು, ಯಾರು ಅಧ್ಯಕ್ಷತೆ ವಹಿಸಿದ್ದರು ಎನ್ನುವುದೆಲ್ಲ ಗೇಟಿನ ಕಲ್ಲಿನಲ್ಲೇ ಕೆತ್ತಿದೆಯಲ್ಲ, ಹೋಗಿ ಓದಿಕೊಳ್ಳಿ ಎಂದೆ. ಅವರಿಗೆ ಬೇಜಾರಾಯಿತು. ಆಗಲಿ. ನನಗೆ ಗೊತ್ತಿರುವ ಇತಿಹಾಸ ಬೇರೆ.

ನನ್ನ ತವರುಮನೆ ಆ ಮೈದಾನದ ಹಿಂದಿನ ಬೀದಿಯಲ್ಲಿದೆ. ಮೊದಲು ಅದು ಬರೀ ಬಯಲಂತೆ; ಮಾರುಕಟ್ಟೆಗೆ ರೇಷ್ಮೆಗೂಡು ತಂದವರು ಅಲ್ಲಿ ಎತ್ತಿನ ಗಾಡಿ ಬಿಚ್ಚುತ್ತಿದ್ದರು ಎಂದು ಅಜ್ಜಿ ಹೇಳುತ್ತಿದ್ದರು. ನನಗೆ ಬುದ್ಧಿ ತಿಳಿಯುವ ಹೊತ್ತಿಗೆ ಸುತ್ತ ಗೋಡೆ ಎದ್ದಿತ್ತು, ಒಂದು ಬದಿಗೆ ಜನ ಕೂರಲು ಕಲ್ಲುಚಪ್ಪಡಿಯ ಮೆಟ್ಟಿಲು, ಎದುರಿಗೆ ವೇದಿಕೆ. ಹಗಲು ಕಬಡ್ಡಿ, ಸಂಜೆ ಆರ್ಕೆಸ್ಟ್ರಾ. ನಮ್ಮನೆ ಹೆಣ್ಣುಮಕ್ಕಳಿಗೆ ಒಳಗೆ ಹೋಗಲು ಅಪ್ಪಣೆ ಇರಲಿಲ್ಲ. ನಾನು ತಾರಸಿಯ ಮೇಲೆ ನಿಂತು ಎಲ್ಲವನ್ನೂ ಪುಕ್ಕಟೆ ನೋಡಿದವಳು. ನಮ್ಮ ಬೀದಿಯವರೇ ಆದ ಮೈಕ್‌ಸೆಟ್ಟಿನ ಮಾವ ಬೆಳಗ್ಗೆ ಹಾರ್ನ್ ಕಟ್ಟಲು ಬಂದಾಗ ಮಾತ್ರ ಕದ್ದು ನುಗ್ಗಿ, ಒಂದೇ ಒಂದು ಸಲ ಹಲೋ ಅನ್ನಲು ಬಿಡಿ ಎಂದು ಗೋಗರೆಯುತ್ತಿದ್ದೆ. ಮೈಕು ಆಟದ ಸಾಮಾನಲ್ಲ ಎಂದು ಓಡಿಸಿಬಿಡುತ್ತಿದ್ದರು.

ಅದೇ ಮೈದಾನದಲ್ಲಿ ಕಬಡ್ಡಿ ಆಡುತ್ತಿದ್ದ ಕೈಲಾಂಚದ ಕಡೆಯ ರೈಡರ್ ಒಬ್ಬರನ್ನು ತಾರಸಿಯಿಂದಲೇ ಮೆಚ್ಚಿಕೊಂಡೆ. ಹೀಗೆಂದರೆ ಅಮ್ಮನಿಗೆ ಇವತ್ತಿಗೂ ಸಿಟ್ಟು. ನಾವೇ ನೋಡಿ ಮಾಡಿದ ಮದುವೆ ಎಂದು ಹೇಳಿಕೊಂಡು ತಿರುಗುತ್ತಾರೆ. ಹೋಗಲಿ ಬಿಡಿ. ಗಂಡನ ಮನೆ ರೇಷ್ಮೆ ಸಾಕುವ ಮನೆ. ಅಲ್ಲಿ ಜ್ವರ ಎಂದರೆ ಮನುಷ್ಯರಿಗೆ ಬರುವ ಜ್ವರವಲ್ಲ. ಹುಳ ಪೊರೆ ಬಿಡುವ ಮೊದಲು ಸೊಪ್ಪು ತಿನ್ನುವುದನ್ನು ನಿಲ್ಲಿಸಿ, ತಲೆ ಎತ್ತಿಕೊಂಡು, ಅಲ್ಲಾಡದೆ ಮಲಗುತ್ತದೆ; ಅದು ಜ್ವರ. ಆಗ ಮುಟ್ಟಬಾರದು, ಸೊಪ್ಪು ಹಾಕಬಾರದು. ಪೊರೆ ಕಳಚಿ ಎದ್ದವೆಂದರೆ ಹಸಿದು ಮುಕ್ಕುತ್ತವೆ. ಅದಕ್ಕೆ ‘ಜ್ವರ ಎದ್ದವೆ’ ಎನ್ನುತ್ತಾರೆ. ಮನುಷ್ಯರಿಗೆ ಬಂದರೆ ‘ಮೈ ಸುಡ್ತೈತೆ’, ಅಷ್ಟೇ. ಹೊಸದರಲ್ಲಿ ಇದೊಂದೂ ತಿಳಿಯದೆ, ಹುಳವೆಲ್ಲ ಸತ್ತುಹೋದವು ಎಂದು ಅಳುತ್ತಾ ಫೋನ್ ಮಾಡಿ ಗಂಡನನ್ನು ಹೊಲದಿಂದ ಓಡಿಬರುವಂತೆ ಮಾಡಿದ್ದೆ. ಪೇಟೆ ಸೊಸೆ ಹುಳಕ್ಕೆ ತಿಥಿ ಮಾಡಲು ಹೊರಟಿದ್ದಳು ಎಂದು ಊರೆಲ್ಲ ನಕ್ಕಿತು.

ಮಗಳಿಗೆ ಆಗ ಎರಡು ತುಂಬಿತ್ತು. ಅವತ್ತು ಮಧ್ಯಾಹ್ನ ಆ ಮೈದಾನದಲ್ಲಿ ಕಬಡ್ಡಿ ಫೈನಲ್, ಅದೂ ನಮ್ಮೂರ ತಂಡ. ಊರಲ್ಲಿದ್ದ ಗಾಡಿಗಳೆಲ್ಲ ಜನ ತುಂಬಿಕೊಂಡು ಹೋಗಿದ್ದವು. ಮನೆಯಲ್ಲಿ ನಾನು, ಅತ್ತೆ, ಮಗು, ತಟ್ಟೆಗಳಲ್ಲಿ ಹುಳ. ಹೊರಡುವ ಮುಂಚೆ ಇವರು ಹುಳ ನೋಡಿ, ಇವತ್ತು ಜ್ವರಕ್ಕೆ ಕೂರುತ್ತವೆ, ಗಾಬರಿಯಾಗಿ ಫೋನ್ ಮಾಡಬೇಡ ಎಂದು ರೇಗಿಸಿ ಹೋಗಿದ್ದರು. ಬೆಳಗ್ಗೆ ಮಂಕಾಗಿದ್ದ ಮಗು ಊಟದ ಹೊತ್ತಿಗೆ ಕೆಂಡವಾಯಿತು. ಒದ್ದೆ ಬಟ್ಟೆ ಹಾಕಿದೆ. ಮನೆಯಲ್ಲಿದ್ದ ಔಷಧಿ ಕುಡಿಸಿದರೆ ಕಕ್ಕಿಬಿಟ್ಟಳು. ಇವರ ಫೋನು ರಿಂಗಾಗಿ ರಿಂಗಾಗಿ ನಿಂತಿತು. ಆಡುವಾಗ ಅದು ಬ್ಯಾಗಿನೊಳಗೆ. ಆಂಬುಲೆನ್ಸ್‌ನವರು ದೂರದಲ್ಲಿದ್ದೇವೆ, ತಡವಾಗುತ್ತದೆ ಎಂದರು. ಆಗ ಮೈಕ್‌ಸೆಟ್ಟಿನ ಮಾವ ನೆನಪಾದರು, ಫೈನಲ್ಲಿಗೂ ಅವರದೇ ಮೈಕು. ಫೋನ್ ಮಾಡಿದೆ.

ಮನೇಲಿ ಜ್ವರ ಜೋರಾಗಿದೆ, ತಕ್ಷಣ ಬರಬೇಕಂತೆ ಎಂದು ಇವರಿಗೆ ಕೇಳುವಂತೆ ಕೂಗಿಬಿಡಿ ಮಾವ ಎಂದೆ. ಅವರು ಫೋನನ್ನು ಹಾಗೇ ಮೇಜಿನ ಮೇಲಿಟ್ಟರು. ನನ್ನ ಮಾತು ಅವರ ದನಿಯಲ್ಲಿ ಹಾರ್ನಿನಿಂದ ದೊಡ್ಡದಾಗಿ ಕೇಳಿಸಿತು. ಅದರ ಹಿಂದೆಯೇ ಮೆಟ್ಟಿಲ ಮೇಲಿನ ಜನ ಗೊಳ್ಳೆಂದು ನಕ್ಕದ್ದೂ ಕೇಳಿಸಿತು. ಯಾಕೆ ನಗುತ್ತಾರೆಂದು ನನಗೆ ಗೊತ್ತಾಗಲಿಲ್ಲ. ಮಾವ ಮತ್ತೆ ಫೋನ್ ಎತ್ತಿಕೊಂಡರು.

“ಹೇಳ್ದೆ ಕಣವ್ವ. ಮಲಗ್ಲಿ ಬುಡು, ಎಬ್ಬಿಸ್‌ಬ್ಯಾಡ ಅನ್ನಿ ಅಂದ್ರು ನಿಮ್ಮನೆಯವ್ರು” ಎಂದು ಇಟ್ಟುಬಿಟ್ಟರು.

ನನ್ನ ಮೈಯೆಲ್ಲ ಉರಿದುಹೋಯಿತು. ಇವನೆಂಥ ಅಪ್ಪ, ಒಂದು ಕಪ್ಪಿನ ಆಸೆಗೆ ಹೆತ್ತ ಮಗಳನ್ನೇ ಬಿಟ್ಟನಲ್ಲ ಎಂದು ಅತ್ತೆಯ ಎದುರಿಗೇ ಬಾಯಿಗೆ ಬಂದಂತೆ ಬೈದೆ. ಅಷ್ಟರಲ್ಲಿ ಮಗುವಿನ ಕಣ್ಣುಗುಡ್ಡೆ ಮೇಲಕ್ಕೆ ಸಿಕ್ಕಿಕೊಂಡಿತು, ಕೈಕಾಲು ಸೆಟೆದವು. ಅತ್ತೆ ಬೀಗದ ಕೈ ಗೊಂಚಲು ತಂದು ಅದರ ಅಂಗೈಗೆ ಒತ್ತಿ ಹಿಡಿದು ದೇವರನ್ನು ಕರೆಯತೊಡಗಿದರು. ಅವರ ಬೆನ್ನ ಹಿಂದೆ ತಟ್ಟೆಗಳಿದ್ದವು. ಹುಳಗಳೆಲ್ಲ ತಲೆ ಎತ್ತಿಕೊಂಡು, ಅಲ್ಲಾಡದೆ ಮಲಗಿದ್ದವು.

ಅಯ್ಯೋ ದೇವರೇ ಅಂದುಕೊಂಡೆ. ಇವರಿಗೆ ಕೇಳಿಸಿದ್ದು ಹುಳದ ಜ್ವರ. ಪೇಟೆ ಹೆಂಡತಿ ಮತ್ತೆ ಹೆದರಿಕೊಂಡು ಫೋನ್ ಮಾಡಿದ್ದಾಳೆ ಎಂದು ಇವರೂ ನಕ್ಕಿದ್ದಾರೆ, ಮೆಟ್ಟಿಲ ಮೇಲಿದ್ದ ನಮ್ಮೂರವರೆಲ್ಲ ನಕ್ಕಿದ್ದಾರೆ.

ಮತ್ತೆ ಫೋನ್ ಮಾಡಿದೆ. ಮಾವ ಎತ್ತಲಿಲ್ಲ. ಇನ್ನೊಮ್ಮೆ ಮಾಡಿದಾಗ ಎತ್ತಿ, ಆಟ ಮುಗೀತಾ ಬಂತು, ಆಮೇಲೆ ಮಾಡು ಎಂದು ಗದರಿದರು. ಕಿರುಚಿದರೆ ಇಟ್ಟುಬಿಡುತ್ತಾರೆ ಎಂದು ಹಲ್ಲು ಕಚ್ಚಿಕೊಂಡೆ.

“ಮಾವ, ನೀವೇನೂ ಹೇಳ್ಬೇಡಿ. ಫೋನು ಮೈಕಿನ ಹತ್ರ ಹಿಡೀರಿ. ನಾನೇ ಹೇಳ್ತೀನಿ.”

ಏನು ಅಂದುಕೊಂಡರೋ ಏನೋ, ಹಿಡಿದರು. ಹಾರ್ನು ಕುಂಯ್ ಎಂದು ಕಿರುಚಿತು. ಚಿಕ್ಕವಳಿದ್ದಾಗ ಆ ಮೈಕಿನಲ್ಲಿ ಹೇಳಬೇಕೆಂದು ಏನೇನೋ ಮಾತು ಕಟ್ಟಿಕೊಂಡಿದ್ದೆ. ಈಗ ಗಂಡನ ಊರಿನ ಮಾತೇ ಬಾಯಿಗೆ ಬಂತು.

“ರೀ, ಹುಳ ಅಲ್ಲ. ಮಗು. ಮಗು ಮೈ ಸುಡ್ತೈತೆ. ಕಣ್ಣು ಬುಡ್ತಿಲ್ಲ.”

ಆ ಮೈದಾನ ಅಷ್ಟು ಸುಮ್ಮನಾದದ್ದನ್ನು ನಾನು ತಾರಸಿಯಿಂದ ಒಂದು ದಿನವೂ ಕಂಡಿರಲಿಲ್ಲ. ಆಮೇಲೆ ಒಂದು ಸೀಟಿ ಕೇಳಿಸಿತು. ಎದುರಾಳಿಗಳ ಅಂಕಣದೊಳಗೆ ಕಬಡ್ಡಿ ಕಬಡ್ಡಿ ಎನ್ನುತ್ತಿದ್ದ ಇವರು ಗೆರೆ ದಾಟಿ ನೇರ ಗೇಟಿನ ಕಡೆ ಓಡಿದರಂತೆ. ರೆಫ್ರಿ ಔಟ್ ಕೊಟ್ಟರಂತೆ. ನಮ್ಮೂರು ಸೋತಿತು. ಇದನ್ನೆಲ್ಲ ಮಾವ ಆಮೇಲೆ ಹೇಳಿದ್ದು.

ಮಣ್ಣು ಮೆತ್ತಿದ ಮೈಯಲ್ಲೇ ಬಂದರು. ಸೆಟೆದಿದ್ದ ಕೈಕಾಲು ಸಡಿಲಾಗಿದ್ದವು, ಆದರೆ ಎಷ್ಟು ಕರೆದರೂ ಮಗು ಓಗೊಡುತ್ತಿರಲಿಲ್ಲ. ಅದನ್ನು ನಡುವೆ ಅವುಚಿಕೊಂಡು ಬೈಕಿನ ಹಿಂದೆ ಕೂತೆ. ದಾರಿಯುದ್ದಕ್ಕೂ ಅದರ ಮೂಗಿನ ಹತ್ತಿರ ಬೆರಳಿಟ್ಟು ಉಸಿರು ನೋಡುವುದೇ ನನ್ನ ಕೆಲಸ. ಪೇಟೆ ಹತ್ತಿರವಾದಂತೆ ಇನ್ನೊಂದು ಭಯ ಹಿಡಿಯಿತು. ಆಸ್ಪತ್ರೆ ಇರುವುದು ಮೈದಾನದ ಆಚೆ. ಪಂದ್ಯದ ದಿನ ಆ ರಸ್ತೆಯಲ್ಲಿ ಸೈಕಲ್ಲೂ ತೂರುವುದಿಲ್ಲ, ಅಷ್ಟು ಗಾಡಿ ನಿಲ್ಲಿಸಿರುತ್ತಾರೆ. ಅಷ್ಟು ವರ್ಷ ಮೇಲಿನಿಂದ ನೋಡಿದವಳಿಗೆ ಗೊತ್ತಿಲ್ಲವೇ?

ತಿರುವಿನಲ್ಲಿ ನೋಡುತ್ತೇನೆ, ದಾರಿ ಬಿಟ್ಟಿದೆ. ಎರಡೂ ತಂಡದ ಆಟಗಾರರು, ಮೆಟ್ಟಿಲ ಮೇಲಿದ್ದ ಜನ, ಬೀಗ ಹಾಕಿದ್ದ ಬೈಕುಗಳನ್ನು ಎತ್ತಿ ಎತ್ತಿ ಚರಂಡಿಯ ಆಚೆ, ಅಂಗಡಿ ಜಗಲಿಗಳ ಮೇಲೆ ಇಡುತ್ತಿದ್ದಾರೆ. ಸ್ವಲ್ಪ ಹೊತ್ತಿನ ಹಿಂದೆ ನಕ್ಕವರೇ ಅವರು. “ದಾರಿ ಬುಡಿ, ಮಗು ಬತ್ತಾ ಐತೆ” ಎಂದು ಮಾವ ಹಾರ್ನಿನಲ್ಲಿ ಒಂದೇ ಸಮನೆ ಕೂಗುತ್ತಿದ್ದಾರೆ. ಅಲ್ಲಿಯವರೆಗೆ ತಡೆದುಕೊಂಡಿದ್ದ ಅಳು ಅಲ್ಲಿ ಬಂತು.

ಆಸ್ಪತ್ರೆಯಲ್ಲಿ ಸೂಜಿ ಚುಚ್ಚಿದರು, ಡ್ರಿಪ್ ಹಾಕಿದರು, ಬೆಳಗಾಗಲಿ, ಈಗಲೇ ಏನೂ ಹೇಳೋಕಾಗಲ್ಲ ಎಂದರು. ಇವರು ಗೋಡೆಗೆ ಒರಗಿ ನೆಲದ ಮೇಲೆ ಕೂತವರು, ಎಬ್ಬಿಸಬೇಡ ಅಂದುಬಿಟ್ಟೆನಲ್ಲ ಎಂದು ಅದೊಂದನ್ನೇ ಹೇಳುತ್ತಿದ್ದರು. ಬೈಯಲು ನನ್ನ ಹತ್ತಿರ ಬೇಕಾದಷ್ಟಿತ್ತು. ಹೋಗಿ ಪಕ್ಕದಲ್ಲಿ ಕೂತೆ.

ಬೆಳಕು ಹರಿದಾಗ ಮಗಳು ಕಣ್ಣು ಬಿಟ್ಟಳು. ನನ್ನ ಕಡೆ ತಿರುಗಲೂ ಇಲ್ಲ. ಇವರ ಮಣ್ಣಾದ ಬನಿಯನ್ ಹಿಡಿದೆಳೆದು, ಮಮ್ಮು ಅಂದಳು. ಇವರು ಫೋನ್ ತೆಗೆದು ಮನೆಗೆ ಮಾಡಿದರು. ಆ ಕಡೆ ಅತ್ತೆ ಹಲೋ ಹಲೋ ಅನ್ನುತ್ತಲೇ ಇದ್ದರು. ಇವರು ಮಗಳ ಹಣೆ ಮುಟ್ಟಿ ನೋಡಿದರು. ಕಡೆಗೆ ಇಷ್ಟು ಹೇಳಿದರು.

“ಅವ್ವ, ಜ್ವರ ಎದ್ಲು ಕಣವ್ವ. ಹೊಟ್ಟೆ ಹಸೀತೈತಂತೆ.”