ಖೀಮಾ ಪಾಸ್ತಾ ಮತ್ತು ಐದು ವಾರದ ಹರಕೆ

ಒಂದೇ ಬಾಣಲೆಯಲ್ಲಿ ಮುಗಿಯುವ ಅಡುಗೆಯನ್ನು ಯಾರು ಕಂಡುಹಿಡಿದರೋ, ಅವರ ಹೊಟ್ಟೆ ತಣ್ಣಗಿರಲಿ. ಆ ವರ್ಷ ನಮ್ಮ ಮನೆಯಲ್ಲಿ ವಾರಕ್ಕೆ ಮೂರು ಸಲ, ಕೆಲವೊಮ್ಮೆ ನಾಲ್ಕು ಸಲ, ಖೀಮಾ ಪಾಸ್ತಾ ಆಗುತ್ತಿತ್ತು. ಬೇರೆ ಏನನ್ನಾದರೂ ಮಾಡುವ ತ್ರಾಣ ನನ್ನಲ್ಲಿರಲಿಲ್ಲ. ಅನ್ನಕ್ಕೊಂದು, ಸಾರಿಗೊಂದು, ಪಲ್ಯಕ್ಕೊಂದು ಅಂತ ಪಾತ್ರೆ ಇಟ್ಟು, ಆಮೇಲೆ ಅಷ್ಟನ್ನೂ ತಿಕ್ಕಬೇಕಲ್ಲ ಎಂದು ನೆನೆಸಿಕೊಂಡರೇ ಸೊಂಟ ಹಿಡಿದುಕೊಳ್ಳುತ್ತಿತ್ತು.

ನಾವಿದ್ದದ್ದು ಇಂಗ್ಲಿಷರ ನಾಡಿನ ಹೇಸ್ ಎಂಬ ಊರಿನಲ್ಲಿ, ಸಾಲುಮನೆಯೊಂದನ್ನು ಬಾಡಿಗೆಗೆ ಹಿಡಿದು. ನಾನು, ನನ್ನ ಗಂಡ, ಹನ್ನೊಂದು ವರ್ಷದ ಮಗಳು. ನನ್ನ ಕೆಲಸ ವಿಮಾನ ನಿಲ್ದಾಣದ ಹತ್ತಿರದ ಗೋದಾಮಿನಂಥ ಒಂದು ಅಡುಗೆಮನೆಯಲ್ಲಿ. ವಿಮಾನದೊಳಗೆ ಕೊಡುವ ಊಟದ ಟ್ರೇಗಳನ್ನು ಜೋಡಿಸುವುದು. ಬೆಳಿಗ್ಗೆ ಐದಕ್ಕೆ ನಿಂತರೆ ಮಧ್ಯಾಹ್ನ ಎರಡರವರೆಗೆ, ಫ್ರಿಜ್ಜಿನಷ್ಟೇ ತಣ್ಣಗಿರುವ ಕೋಣೆಯಲ್ಲಿ, ಬನ್ನು, ಬೆಣ್ಣೆ, ಕೇಕು, ಚಮಚ ಇಡುತ್ತಾ ಹೋಗಬೇಕು. ಯಾರ್ಯಾರೋ ಎಲ್ಲೆಲ್ಲಿಗೋ ಹಾರುತ್ತಾ ತಿನ್ನುವ ಊಟ ಅದು. ದಿನವಿಡೀ ಅದನ್ನೇ ಮುಟ್ಟಿ ಮನೆಗೆ ಬಂದರೆ ಈರುಳ್ಳಿಯ ಮುಖ ಕಂಡರೂ ನನಗೆ ಸಿಟ್ಟು ಬರುತ್ತಿತ್ತು.

ಈ ಪಾಸ್ತಾ ಕಲಿಸಿಕೊಟ್ಟವಳು ಮಗಳೇ. ಶಾಲೆಯ ಗೆಳತಿಯ ಮನೆಯಲ್ಲಿ ತಿಂದು ಬಂದಿದ್ದಳು. ನಾವು ಆಡುವ ಕನ್ನಡವೆಲ್ಲ ಅವಳಿಗೆ ತಿಳಿಯುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲೇ. "ಇಟ್ಸ್ ಸೋ ಈಸಿ, ಮಮ್ಮಾ. ಈವನ್ ಯೂ ಕ್ಯಾನ್ ಡೂ ಇಟ್," ಅಂದಳು. ಈವನ್ ಯೂ ಅಂತೆ. ಹದಿನೈದು ವರ್ಷ ಸಂಸಾರ ನಡೆಸಿದವಳಿಗೆ ಸಿಗುವ ಮರ್ಯಾದೆ ಇಷ್ಟು.

ಆದರೆ ಸುಳ್ಳು ಹೇಳಿರಲಿಲ್ಲ. ಅಗಲ ಬಾಣಲೆಗೆ ಎಣ್ಣೆ ಬಿಟ್ಟು ಈರುಳ್ಳಿ, ಬೆಳ್ಳುಳ್ಳಿ ಹಾಕುವುದು. ಅದು ಕೆಂಪಾದ ಮೇಲೆ ದನದ ಖೀಮಾ ಹಾಕಿ, ಸೌಟಿನಿಂದ ಒಡೆಯುತ್ತಾ, ನೀರಾರಿ ಕಂದಾಗುವವರೆಗೆ ಹುರಿಯುವುದು. ಡಬ್ಬಿಯ ಟೊಮೆಟೊ ಸುರಿದು, ಹಸಿ ಪಾಸ್ತಾವನ್ನು ಹಾಗೇ ಮೇಲೆ ಹರಡಿ, ಮುಳುಗುವಷ್ಟು ಬಿಸಿನೀರು ಹಾಕಿ ಮುಚ್ಚಿಟ್ಟರೆ ಕಾಲು ಗಂಟೆ ನಾನು ಕುರ್ಚಿಯಲ್ಲಿ ಕಾಲು ಚಾಚಬಹುದಿತ್ತು. ಕೊನೆಗೆ ಒಂದು ಹಿಡಿ ಚೀಸ್. ನಾನು ಸೇರಿಸಿದ್ದು ಒಂದೇ, ನಮ್ಮ ಕಡೆ ಹಂದಿಮಾಂಸಕ್ಕೆ ಹಾಕುವ ಬಾಫತ್ ಪುಡಿ, ಒಂದು ಚಮಚ. ನಮ್ಮ ಕಡೆ ಎಂದರೆ ಉಡುಪಿಯ ಕಡೆ. ಮನೆಮಾತು ಕೊಂಕಣಿ. ಗಂಡ ಮೈಸೂರಿನವರು, ಅವರೂ ಕ್ಯಾಥೊಲಿಕರೇ, ಆದರೆ ಕೊಂಕಣಿಯ ಒಂದಕ್ಷರ ಬಾರದು. ಹಾಗಾಗಿ ಮದುವೆಯಾದ ದಿನದಿಂದ ನಮ್ಮ ಪ್ರೀತಿ, ಜಗಳ ಎಲ್ಲ ಕನ್ನಡದಲ್ಲೇ ನಡೆದಿದೆ.

ಅದರ ಹಿಂದಿನ ವರ್ಷ ಗಂಡನ ಒಂದು ಮೂತ್ರಪಿಂಡವನ್ನು ಗಡ್ಡೆಯ ಸಮೇತ ತೆಗೆದಿದ್ದರು. ಕ್ಯಾನ್ಸರ್ ಎಂಬ ಶಬ್ದ ಮನೆಯೊಳಗೆ ಬಂದದ್ದು ಆಗಲೇ. ಎಲ್ಲವನ್ನೂ ತೆಗೆದಿದ್ದೇವೆ, ಆರು ತಿಂಗಳಿಗೊಮ್ಮೆ ಸ್ಕ್ಯಾನ್ ಮಾಡುತ್ತೇವೆ ಎಂದಿದ್ದರು. ಮೊದಲ ಸ್ಕ್ಯಾನ್ ಚೆನ್ನಾಗಿ ಬಂತು. ಎರಡನೆಯದರಲ್ಲಿ ಶ್ವಾಸಕೋಶದಲ್ಲೊಂದು ಚುಕ್ಕೆ. ಏನೂ ಇಲ್ಲದಿರಬಹುದು, ಇನ್ನೊಂದು ಸ್ಕ್ಯಾನ್ ಮಾಡಿ ನೋಡೋಣ ಎಂದು ಡಾಕ್ಟರ್ ಹೇಳಿದ ದಿನ ನಾನು ಹರಕೆ ಹೇಳಿಕೊಂಡೆ.

ಆಸ್ಪತ್ರೆಯ ಎದುರಿನ ಬಸ್‌ಸ್ಟಾಪಿನಲ್ಲಿ ನಿಂತು, ಅವರು ಪಕ್ಕದಲ್ಲಿರುವಾಗಲೇ, ಮನಸ್ಸಿನೊಳಗೆ. ಮರಿಯಮ್ಮ, ಆ ಚುಕ್ಕೆ ಏನೂ ಅಲ್ಲ ಅಂತ ಆಗುವವರೆಗೆ ನಾನು ಮಾಂಸ ಬಾಯಿಗಿಡುವುದಿಲ್ಲ. ಇಷ್ಟೇ ಹರಕೆ. ನನ್ನಂಥವಳಿಗೆ ಇದು ಸಣ್ಣದಲ್ಲ, ನಾನು ಮೀನು ಮಾಂಸದಲ್ಲೇ ಬೆಳೆದವಳು. ಹರಕೆಯ ಬಗ್ಗೆ ನನ್ನ ಅಮ್ಮ ಎರಡು ಮಾತು ಕಟ್ಟುನಿಟ್ಟಾಗಿ ಹೇಳುತ್ತಿದ್ದರು. ತೀರುವ ತನಕ ಯಾರಿಗೂ ಬಾಯಿಬಿಡಬಾರದು. ಹೇಳಿಕೊಂಡ ಮೇಲೆ ತಪ್ಪಲೂಬಾರದು, ತಪ್ಪಿದರೆ ಯಾರ ಹೆಸರಿನಲ್ಲಿ ಹೇಳಿದ್ದೋ ಅವರಿಗೇ ಕೆಟ್ಟದ್ದು. ನಾನು ಬಿ.ಎಸ್ಸಿ. ಓದಿದವಳು. ಆದರೂ ಆ ಎರಡನೇ ಮಾತು ನನ್ನೊಳಗಿಂದ ಹೋಗಿಲ್ಲ.

ಐದು ವಾರ ಕಾಯಬೇಕಾಯಿತು. ಐದು ವಾರವೂ ವಾರಕ್ಕೆ ಮೂರು ಸಲ ಖೀಮಾ ಹುರಿದೆ, ತಿನ್ನಲಿಲ್ಲ. ಅದನ್ನು ಬಿಟ್ಟು ಬೇರೆ ಅಡುಗೆ ಮಾಡಬಹುದಿತ್ತಲ್ಲ ಎಂದು ಯಾರಾದರೂ ಕೇಳಬಹುದು. ಮಗಳು ನೆಮ್ಮದಿಯಿಂದ ತಟ್ಟೆ ಖಾಲಿ ಮಾಡುತ್ತಿದ್ದದ್ದು ಅದೊಂದನ್ನೇ. ಗಂಡನೂ ಅದನ್ನಾದರೆ ಎರಡು ತುತ್ತು ಹೆಚ್ಚು ತಿನ್ನುತ್ತಿದ್ದರು. ನನಗೆ ಗ್ಯಾಸ್ಟ್ರಿಕ್, ಜಿಪಿ ಡಾಕ್ಟರ್ ಕೆಂಪು ಮಾಂಸ ಬೇಡ ಅಂದಿದ್ದಾರೆ ಎಂದು ಒಂದು ಸುಳ್ಳು ಬಿಟ್ಟು, ನಾನು ಮೊಸರನ್ನ, ಉಪ್ಪಿನಕಾಯಿ ಇಟ್ಟುಕೊಂಡು ಅವರ ಎದುರು ಕೂರುತ್ತಿದ್ದೆ. ಉಪ್ಪು ಖಾರ ನೋಡಲು ಮಗಳನ್ನು ಕೂಗುತ್ತಿದ್ದೆ. ಅವಳು ಬಂದು ಚಮಚದಲ್ಲಿ ಒಂದಿಷ್ಟು ತಿಂದು, "ಮೋರ್ ಸಾಲ್ಟ್," ಎಂದೋ "ಟೂ ಮಚ್ ಬಾಫತ್," ಎಂದೋ ತೀರ್ಪು ಕೊಟ್ಟು ಹೋಗುತ್ತಿದ್ದಳು.

ಕೊನೆಗೆ ಆಸ್ಪತ್ರೆಯಿಂದ ಮೆಸೇಜ್ ಬಂತು. ಗುರುವಾರ ಬೆಳಿಗ್ಗೆ ನರ್ಸ್ ಫೋನ್ ಮಾಡಿ ಸ್ಕ್ಯಾನಿನ ಫಲಿತಾಂಶ ತಿಳಿಸುತ್ತಾರೆ ಅಂತ.

ಬುಧವಾರ ನಾನು ಕೆಲಸದಿಂದ ಬಂದಾಗ ಕಾಲುಗಳು ನನ್ನವಾಗಿರಲಿಲ್ಲ. ಹಿಂದಿನ ರಾತ್ರಿ ಕಣ್ಣಿಗೆ ಕಣ್ಣು ಹತ್ತಿರಲಿಲ್ಲ. ಗೋದಾಮಿನಲ್ಲಿ ಒಂದಿಡೀ ಸಾಲು ಟ್ರೇಗಳಿಗೆ ಚಮಚ ಇಡುವುದನ್ನೇ ಮರೆತು, ಸೂಪರ್‌ವೈಸರ್ ಹುಡುಗಿಯ ಕೈಯಲ್ಲಿ ಅನ್ನಿಸಿಕೊಂಡು ಬಂದಿದ್ದೆ. ಐದೂವರೆಗೆ ಬಾಣಲೆ ಇಟ್ಟೆ. ಮಗಳು ಮೇಲಿನ ಕೋಣೆಯಲ್ಲಿ ಗಣಿತದ ಹೋಮ್‌ವರ್ಕ್ ಮಾಡುತ್ತಿದ್ದಳು. ಗಂಡ ಮುಂದಿನ ಕೋಣೆಯಲ್ಲಿ ಲ್ಯಾಪ್‌ಟಾಪಿನ ಎದುರು, ಆಫೀಸಿನ ಮೀಟಿಂಗಿನಲ್ಲಿ ಯಾರಿಗೋ ಏನನ್ನೋ ವಿವರಿಸುತ್ತಿದ್ದರು. ಅವರ ದನಿ ಎಂದಿನಂತೆಯೇ ಇತ್ತು. ಅದನ್ನು ಕೇಳಿ ನನಗೆ ಅಳು ಬಂತು, ಈರುಳ್ಳಿ ಹೆಚ್ಚುತ್ತಿದ್ದದ್ದರಿಂದ ಅತ್ತದ್ದೂ ಸಲೀಸಾಯಿತು.

ಖೀಮಾ ಹುರಿದೆ, ಟೊಮೆಟೊ ಹಾಕಿದೆ, ಪಾಸ್ತಾ ಹರಡಿದೆ, ನೀರು ಸುರಿದು ಮುಚ್ಚಿದೆ. ಕುರ್ಚಿಯಲ್ಲಿ ಕೂತವಳಿಗೆ ಜೊಂಪು ಹತ್ತಿತು. ಎಚ್ಚರವಾದಾಗ ಅಡುಗೆಮನೆ ತುಂಬ ಮಾಂಸದ ಘಮ. ಎದ್ದು ಮುಚ್ಚಳ ತೆಗೆದೆ, ಸೌಟಿನಲ್ಲಿ ತಿರುವಿದೆ, ಸೌಟಿನ ತುದಿಯಿಂದ ಎಡ ಅಂಗೈಗೆ ಒಂದಿಷ್ಟು ರಸ ಬಿಟ್ಟುಕೊಂಡು ನೆಕ್ಕಿದೆ. ನನ್ನ ಅಮ್ಮ ಉಪ್ಪು ನೋಡುತ್ತಿದ್ದದ್ದು ಹಾಗೆ, ಅಜ್ಜಿಯೂ ಹಾಗೆ. ಕೈಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಉಪ್ಪು ಸರಿಯಿತ್ತು. ಬೆಂದಿದೆಯೋ ಎಂದು ಒಂದು ಪಾಸ್ತಾ ತೆಗೆದು ಬಾಯಿಗೆ ಹಾಕಿಕೊಂಡೆ. ಅದು ಕೊಳವೆಯಾಕಾರದ ಪಾಸ್ತಾ. ಒಳಗೆ ಖೀಮಾ ತುಂಬಿಕೊಂಡಿತ್ತು. ಅಗಿದೆ, ನುಂಗಿದೆ. ಬೆಂದಿತ್ತು.

ಆಮೇಲೆ ಹರಕೆ ನೆನಪಾಯಿತು.

ಒಂದು ಸತ್ಯ ಇಲ್ಲಿ ಬರೆದೇ ಬಿಡುತ್ತೇನೆ. ಮೊದಲು ಅಂಗೈ ನೆಕ್ಕಿದ್ದು ಅಭ್ಯಾಸದಿಂದ. ಪಾಸ್ತಾ ಬಾಯಿಗೆ ಹಾಕಿಕೊಂಡಾಗ ಮಾತ್ರ, ಎಲ್ಲೋ ಒಂದು ಮೂಲೆಯಲ್ಲಿ, ನನಗೆ ಗೊತ್ತಿತ್ತು ಅನಿಸುತ್ತದೆ. ಐದು ವಾರದ ಮೊಸರನ್ನದ ನಾಲಿಗೆ ಅದು. ನನಗೆ ಹಸಿವಾಗಿತ್ತು, ಸುಸ್ತಾಗಿತ್ತು. ಬೇಕು ಅನಿಸಿತ್ತು.

ಸಿಂಕಿನ ಹತ್ತಿರ ಓಡಿ ಬಾಯಿ ಮುಕ್ಕಳಿಸಿದೆ. ಒಂದು ಸಲ, ಎರಡು ಸಲ, ಐದಾರು ಸಲ. ನುಂಗಿದ್ದು ಬಾಯಿ ಮುಕ್ಕಳಿಸಿದರೆ ಹೊರಗೆ ಬರುತ್ತದೆಯೇ. ಇನ್ನೊಂದು ರಾತ್ರಿ, ಬರೀ ಇನ್ನೊಂದು ರಾತ್ರಿ ತಡೆದಿದ್ದರೆ ಸಾಕಿತ್ತು. ನನ್ನ ಮೇಲೆ ನನಗೇ ಹೇಸಿಗೆಯಾಯಿತು. ನಲ್ಲಿ ಹಾಗೇ ಹರಿಯುತ್ತಿತ್ತು.

ನೀರು ಕುಡಿಯಲು ಬಂದ ಗಂಡ ಬಾಗಿಲಲ್ಲೇ ನಿಂತರು. "ಏನಾಯ್ತೇ? ವಾಂತಿ ಬರ್ತಿದ್ಯಾ?"

"ಎಂತ ಇಲ್ಲ."

"ಎಂತ ಇಲ್ದೆ ಹಿಂಗ್ಯಾಕೆ ಬಾಯಿ ಮುಕ್ಕಳಿಸ್ತಿದ್ದೀಯಾ? ಇಲ್ಲಿ ಬಾ, ಕೂತ್ಕೊ."

ಕೂತೆ. ಹೇಳಬಾರದು ಎಂದುಕೊಂಡೆ, ಆದರೆ ತಪ್ಪಿದ ಹರಕೆಯನ್ನು ಮುಚ್ಚಿಟ್ಟು ಇನ್ನೇನಾಗಬೇಕಿತ್ತು. ಬಸ್‌ಸ್ಟಾಪಿನಿಂದ ಹಿಡಿದು ಎಲ್ಲವನ್ನೂ ಹೇಳಿದೆ. ಗ್ಯಾಸ್ಟ್ರಿಕ್ ಸುಳ್ಳು ಎಂದೆ. ಒಂದು ಪಾಸ್ತಾ ನುಂಗಿದೆ, ಬೇಕು ಅನಿಸಿಯೇ ನುಂಗಿದೆ ಎಂದೆ. "ನಾಳೆ ಏನಾದ್ರೂ ಕೆಟ್ಟದ್ದು ಬಂದ್ರೆ ಅದು ನನ್ನಿಂದಲೇ. ನಿಮಗೆ ನಾನೇ ಮಾಡಿದ ಹಾಗೆ ಆಯ್ತಲ್ಲ," ಎಂದು ಅತ್ತೆ.

ಅವರು ನಗುತ್ತಾರೆ ಎಂದುಕೊಂಡಿದ್ದೆ. ಅವರ ಮನೆಯಲ್ಲಿ ಹರಕೆ ಎಂದರೆ ಒಂದು ಮೇಣದಬತ್ತಿ ಹಚ್ಚುವುದು, ಅಲ್ಲಿಗೆ ಮುಗಿಯಿತು. ನಗಲಿಲ್ಲ. ಸಿಟ್ಟಾದರು. "ಐದು ವಾರದಿಂದ ಬೆಳಗಿನ ಜಾವ ಎದ್ದು ಆ ಥಂಡಿನಲ್ಲಿ ನಿಂತು ಬಂದು, ಬರೀ ಮೊಸರನ್ನ ತಿಂತಿದ್ಯಾ? ನೀನು ಬಿದ್ದುಹೋದ್ರೆ ಮಗೂನ ಯಾರು ನೋಡ್ತಾರೆ? ನನ್ನನ್ನ ಯಾರು ನೋಡ್ತಾರೆ?" ಎಂದರು. ಇದು ಮೂಢನಂಬಿಕೆ, ಬಿಡು ಎಂದು ಅವರು ಹೇಳಬಹುದಿತ್ತು. ಹೇಳಿದ್ದರೆ ನಾನು ನಂಬುತ್ತಿರಲಿಲ್ಲ. ಅದು ಅವರಿಗೂ ತಿಳಿದಿತ್ತು.

ಒಲೆ ಆರಿಸಿ, ಒಂದು ತಟ್ಟೆ ತೆಗೆದುಕೊಂಡು ಅದಕ್ಕೆ ಎರಡು ಸೌಟು ಪಾಸ್ತಾ ಬಡಿಸಿದರು. ಚೀಸ್ ಉದುರಿಸಿದರು. ಇನ್ನೊಂದು ಕುರ್ಚಿ ಎಳೆದುಕೊಂಡು ನನ್ನ ಮೊಣಕಾಲಿಗೆ ಮೊಣಕಾಲು ತಾಗುವಷ್ಟು ಹತ್ತಿರ ಕೂತರು.

"ಬಾಯಿ ತೆಗಿ."

"ಬೇಡ."

"ತೆಗಿಯೇ."

"ಬೇಡ ಅಂದೆನಲ್ಲ. ನಿಮಗೆ ಗೊತ್ತಾಗುದಿಲ್ಲ."

"ನಂಗೆಲ್ಲಾ ಗೊತ್ತಾಗುತ್ತೆ. ನೀನು ನುಂಗಿದ್ದು ಒಂದು ಚೂರು. ಅದು ಕೈತಪ್ಪು. ಹರಕೆ ಇನ್ನೂ ಹಂಗೇ ಇದೆ ಅಂದ್ಕೋ. ಈಗ ಅದನ್ನ ಮುರೀತಿರೋನು ನಾನು. ಯಾರ ಹೆಸರಲ್ಲಿ ಹೇಳ್ಕೊಂಡಿದ್ಯೋ ಅವನೇ ಕೈಯಾರೆ ತಿನ್ನಿಸ್ತಿದ್ದಾನೆ. ನಾಳೆ ಏನೇ ಬರ್ಲಿ, ಅದು ನನ್ನ ತಲೆ ಮೇಲೆ. ನಿನ್ನ ತಲೆ ಮೇಲಲ್ಲ. ಬಾಯಿ ತೆಗಿ."

ಚಮಚ ನನ್ನ ತುಟಿಯ ಹತ್ತಿರ ಹಿಡಿದೇ ಇದ್ದರು. ಅವರ ಕೈ ಅಷ್ಟೇನೂ ಗಟ್ಟಿಯಿರಲಿಲ್ಲ, ಆಪರೇಷನ್ ಆದಮೇಲೆ ಮೈಯಲ್ಲಿ ಮೊದಲಿನ ಕಸುವಿರಲಿಲ್ಲ. ಆ ಕೈ ಸೋತು ಇಳಿಯುವುದನ್ನು ನೋಡಲಾರದೆ ನಾನು ಬಾಯಿ ತೆಗೆದೆ. ಒಂದು ಚಮಚ, ಎರಡು, ಮೂರು. ಅಳುತ್ತಾ ತಿಂದೆ. ರುಚಿಯಾಗಿತ್ತು, ಅದಕ್ಕೇ ಇನ್ನಷ್ಟು ಅಳು ಬಂತು.

ಮಗಳು ಕೆಳಗೆ ಬಂದು ನಮ್ಮಿಬ್ಬರನ್ನೂ ನೋಡಿದಳು. "ವೈ ಆರ್ ಯೂ ಫೀಡಿಂಗ್ ಹರ್?"

"ಅಮ್ಮಂಗೆ ಸುಸ್ತು ಕಣೇ. ಕೈ ಎತ್ತಕ್ಕೂ ಆಗ್ತಿಲ್ಲ," ಅಂದರು ಅವರು.

ಅವಳಿಗೆ ಅಷ್ಟು ಸಾಕಾಯಿತು. ತನ್ನ ತಟ್ಟೆಗೆ ಬಡಿಸಿಕೊಂಡು, ಚೀಸಿನ ಪೊಟ್ಟಣವನ್ನು ಎಳೆದುಕೊಂಡು ಕೂತಳು. ಮೂವರೂ ಬಾಣಲೆಯ ತಳ ಕಾಣುವವರೆಗೆ ತಿಂದೆವು. ಅವತ್ತು ಪಾತ್ರೆ ತಿಕ್ಕಿದ್ದು ಗಂಡ. ನಾನು ಎಂಟು ಗಂಟೆಗೇ ಮಲಗಿ, ಬೆಳಗಾಗುವವರೆಗೆ ಹೆಣದ ಹಾಗೆ ನಿದ್ದೆ ಮಾಡಿದೆ.

ಗುರುವಾರ ನಾನು ರಜೆ ಹಾಕಿದ್ದೆ. ಮಗಳು ಶಾಲೆಗೆ ಹೋದ ಮೇಲೆ ಇಬ್ಬರೂ ಅಡುಗೆಮನೆಯ ಮೇಜಿನ ಎದುರು ಕೂತೆವು. ಹತ್ತೂವರೆಗೆ ಫೋನ್ ಬಂತು. ಅವರು ಸ್ಪೀಕರ್ ಹಾಕಿದರು. ನರ್ಸಿನ ದನಿ ತುಂಬಾ ಮೃದುವಾಗಿತ್ತು. ನಿಮ್ಮ ಜೊತೆ ಯಾರಾದರೂ ಇದ್ದಾರಾ ಎಂದು ಆಕೆ ಮೊದಲು ಕೇಳಿದಾಗಲೇ ನನಗೆ ತಿಳಿದುಹೋಯಿತು. ಚುಕ್ಕೆ ದೊಡ್ಡದಾಗಿದೆ, ಪಕ್ಕದಲ್ಲಿ ಇನ್ನೊಂದು ಕಾಣಿಸಿಕೊಂಡಿದೆ, ಮುಂದಿನ ವಾರ ಡಾಕ್ಟರನ್ನು ನೋಡಿ ಚಿಕಿತ್ಸೆ ಶುರು ಮಾಡಬೇಕು ಎಂದರು. ನಾನು ಮೇಜಿನ ಅಂಚನ್ನು ಹಿಡಿದುಕೊಂಡಿದ್ದೆ. ಗಂಡ ಎರಡು ಸಲ ಥ್ಯಾಂಕ್ ಯೂ ಹೇಳಿ ಫೋನ್ ಇಟ್ಟರು.

ಅವರು ಕುಸಿಯುತ್ತಾರೆ, ಅಳುತ್ತಾರೆ, ಹಿಡಿದುಕೊಳ್ಳಬೇಕು ಎಂದು ನಾನು ಎದ್ದೆ. ಅವರು ನನ್ನ ಎರಡೂ ಕೈ ಹಿಡಿದು ಮತ್ತೆ ಕೂರಿಸಿದರು. ಮುಖ ಬಿಳಿಚಿಕೊಂಡಿತ್ತು. ತಮ್ಮ ಬಗ್ಗೆ ಒಂದು ಮಾತೂ ಆಡಲಿಲ್ಲ.

"ತಿನ್ನಿಸಿದ್ದು ಯಾರು?" ಅಂದರು.

ನಾನು ಅವರ ಕಡೆ ಬೆರಳು ತೋರಿಸಿದೆ.

"ಹಂಗಲ್ಲ. ಬಾಯಿಬಿಟ್ಟು ಹೇಳು."

"ನೀವು," ಅಂದೆ.